ಇಪ್ಪತ್ತಕ್ಕೊಂದು ಗೆಲುವು

ನಮ್ಮ ಬಸ್ ಡಿಪೋದ ವಾಲಿಬಾಲ್ ತಂಡದ ಬಗ್ಗೆ ಯಾರೂ ಹಗುರವಾಗಿ ಮಾತಾಡಬಾರದು. ಸೋಲುವುದರಲ್ಲಿ ಅದಕ್ಕಿದ್ದ ನಿಯತ್ತು ಸಮಯಕ್ಕೆ ಸರಿಯಾಗಿ ಹೊರಡುವುದರಲ್ಲಿ ನಮ್ಮ ಬಸ್ಸುಗಳಿಗೆ ಇದ್ದಿದ್ದರೆ ಪ್ರಯಾಣಿಕರು ನಮ್ಮನ್ನು ಹರಸುತ್ತಿದ್ದರು. ನಾಲ್ಕು ವರ್ಷದಲ್ಲಿ ನಲವತ್ತು ಪಂದ್ಯ ಆಡಿ ಎರಡು ಗೆದ್ದ ತಂಡ ಅದು. ಮೊದಲನೆಯ ಗೆಲುವು, ಎದುರಾಳಿಗಳು ಬರುತ್ತಿದ್ದ ಬಸ್ಸು ಅರ್ಧ ದಾರಿಯಲ್ಲಿ ಕೆಟ್ಟು ನಿಂತಿದ್ದರಿಂದ ಸಿಕ್ಕಿದ್ದು. ಆ ಬಸ್ಸು ನಮ್ಮ ಡಿಪೋದ್ದೇ. ಎರಡನೆಯದನ್ನು ಮಾತ್ರ ಆಡಿಯೇ ಗೆದ್ದರು. ಹೇಗೆ ಗೆದ್ದರೆಂಬುದು ಆಡಿದವರಿಗೇ ಇವತ್ತಿನವರೆಗೂ ತಿಳಿದಿಲ್ಲ.

ಇಂಥ ತಂಡವನ್ನು ನಂಬಿ ಒಂದು ಸಂಸಾರ ಊರು ಬಿಡುವ ಹಂತಕ್ಕೆ ಬಂದಿತ್ತು. ಆ ಸಂಸಾರ ಅಂದಾಜಣ್ಣನದು.

ಅಂದಾಜಣ್ಣ ನಮ್ಮ ಡಿಪೋದ ದಾಖಲೆ ಗುಮಾಸ್ತ. ಅವನ ಮೇಜಿನ ಪಕ್ಕದಲ್ಲಿ ಕೂತು ಟೈರುಗಳ ರಿಜಿಸ್ಟರ್ ಬರೆಯುವವನು ನಾನು. ಅವನಿಗೆ ಅಪ್ಪ ಅಮ್ಮ ಇಟ್ಟ ಹೆಸರೊಂದಿದೆ, ಸಂಬಳದ ದಿನ ಬಿಟ್ಟರೆ ಅದನ್ನು ಯಾರೂ ಕೂಗುವುದಿಲ್ಲ. ಏನು ಕೇಳಿದರೂ ‘ಗೊತ್ತಿಲ್ಲ’ ಅನ್ನುವ ಮಾತು ಅವನ ಬಾಯಲ್ಲಿ ಬಂದದ್ದೇ ಇಲ್ಲವಾದ್ದರಿಂದ ಈ ಹೆಸರು ಅಂಟಿತು. ಮೋಡ ನೋಡಿ ಎಷ್ಟು ಹೊತ್ತಿಗೆ ಮಳೆ ಬರುತ್ತದೆ ಅಂತ ಹೇಳುತ್ತಾನೆ. ಬಸ್ಸಿನ ಸದ್ದು ಕೇಳಿ ಒಳಗೆ ಎಷ್ಟು ಜನ ನಿಂತಿದ್ದಾರೆ ಅಂತ ಹೇಳುತ್ತಾನೆ. ಎರಡೂ ತಪ್ಪುತ್ತವೆ. ಆದರೆ ಹೇಳುವಾಗ ಕನ್ನಡಕವನ್ನು ಹಣೆಗೇರಿಸಿ, ಒಂದು ಕ್ಷಣ ಸುಮ್ಮನಿದ್ದು, ಆಮೇಲೆ ಹೇಳುವ ಗತ್ತಿಗೆ ಯಾರಾದರೂ ನಂಬಬೇಕು. ವಿಚಿತ್ರವೆಂದರೆ ಇದೇ ಮನುಷ್ಯನ ಕೈಗೆ ಪೆನ್ನು ಕೊಟ್ಟರೆ ಒಂದಕ್ಷರ ಹೆಚ್ಚು ಕಡಿಮೆ ಆಗುವುದಿಲ್ಲ. ಅವನ ಕೈ ಹರಿಶ್ಚಂದ್ರನದು, ಬಾಯಿ ಮಾತ್ರ ಅವನದೇ. ಈ ಕೈಗೋಸ್ಕರವೇ ನಾವು ಅವನನ್ನು ಡಿಪೋದ ಕ್ರೀಡಾ ಸಂಘದ ಕಾರ್ಯದರ್ಶಿ ಮಾಡಿದ್ದೆವು. ತಂಡದ ನಲವತ್ತು ಪಂದ್ಯಗಳ ಕಥೆಯೂ ಅವನ ರಿಜಿಸ್ಟರಿನಲ್ಲಿ, ದಿನಾಂಕ, ಎದುರಾಳಿ, ಫಲಿತಾಂಶ ಸಮೇತ, ಇತ್ತು. ಫಲಿತಾಂಶದ ಕಾಲಮ್ಮಿನಲ್ಲಿ ಸೋಲು ಎಂದು ಬರೆದೂ ಬರೆದೂ ಬೇಸತ್ತು ಕೊನೆಗೆ ‘ಮೇಲಿನಂತೆ’ ಎಂದು ಬರೆಯುತ್ತಿದ್ದ.

ಒಂದು ಸಂಜೆ ಒಂಬತ್ತನೇ ತರಗತಿಯ ಅವನ ಮಗಳು ಆ ರಿಜಿಸ್ಟರ್ ಕೇಳಿದಳು. ಶಾಲೆಯಲ್ಲಿ ಸಂಭವನೀಯತೆಯ ಪಾಠ ಶುರುವಾಗಿತ್ತು. ಊರಿನ ಯಾವುದಾದರೂ ತಂಡದ ಹಳೆಯ ಫಲಿತಾಂಶಗಳನ್ನು ತೆಗೆದುಕೊಂಡು ಮುಂದಿನ ಪಂದ್ಯದಲ್ಲಿ ಅದು ಗೆಲ್ಲುವ ಸಂಭವನೀಯತೆ ಎಷ್ಟೆಂದು ಕಂಡುಹಿಡಿಯಿರಿ ಎಂದು ಗಣಿತದ ಮೇಡಂ ಹೋಂವರ್ಕ್ ಕೊಟ್ಟಿದ್ದರು. ಹುಡುಗಿ ಆಡಿದ್ದು ನಲವತ್ತು, ಗೆದ್ದದ್ದು ಎರಡು ಎಂದು ಬರೆದು, ಎರಡನ್ನು ನಲವತ್ತರಿಂದ ಭಾಗಿಸಿ, ಇಪ್ಪತ್ತರಲ್ಲಿ ಒಂದು ಎಂದು ಉತ್ತರ ಬರೆದು ಅಡಿಗೆರೆ ಎಳೆದಳು. ಎರಡು ನಿಮಿಷದ ಕೆಲಸ. ಅಂದಾಜಣ್ಣ ಅದನ್ನು ಅರ್ಧ ಗಂಟೆ ಪರಿಶೀಲಿಸಿದ. ಬೆರಳು ಮಡಿಸಿದ, ಬಿಚ್ಚಿದ, ಚಾವಣಿ ನೋಡಿದ. ಕೊನೆಗೆ ‘ಸರಿಯಾಗಿದೆ’ ಎಂದು ಬರೆದು, ಕಚೇರಿಯಲ್ಲಿ ಹಾಕುವ ಉದ್ದ ಸಹಿಯನ್ನೇ ಹಾಕಿದ. ಸರಿಯಾಗಿದ್ದದ್ದು ನಿಜ. ಯಾಕೆ ಸರಿ ಎಂಬುದು ಮಾತ್ರ ಅವನಿಗೆ ಗೊತ್ತಿರಲಿಲ್ಲ.

ಇಲ್ಲಿಗೆ ಬಿಟ್ಟಿದ್ದರೆ ಕಥೆಯೇ ಇರುತ್ತಿರಲಿಲ್ಲ. ಆದರೆ ಮರುದಿನ ಹತ್ತೂವರೆಯ ಟೀ ಸಮಯಕ್ಕೆ, ಬಸ್ಸು ತೊಳೆಯುವ ಕಟ್ಟೆಯ ಪಕ್ಕದ ಶೆಡ್ಡಿನಲ್ಲಿ ಎಲ್ಲರೂ ನೆರೆದಿದ್ದಾಗ, ಅಂದಾಜಣ್ಣ ಕನ್ನಡಕವನ್ನು ಹಣೆಗೇರಿಸಿದ. ನಮ್ಮ ತಂಡದ ಸಂಭವನೀಯತೆಯನ್ನು ತಾನು ಲೆಕ್ಕ ಹಾಕಿರುವುದಾಗಿಯೂ, ಗಣಿತದ ಪ್ರಕಾರ ಗೆಲುವು ಇಪ್ಪತ್ತಕ್ಕೊಂದು ಎಂದು ಬಂದಿರುವುದಾಗಿಯೂ ತಿಳಿಸಿದ. ಮಗಳ ಹೆಸರನ್ನು ಎಲ್ಲಿಯೂ ಎತ್ತಲಿಲ್ಲ.

ಈಗ ನಮ್ಮ ಡಿಪೋದ ಬಗ್ಗೆ ಒಂದು ಮಾತು ಹೇಳಬೇಕು. ನಮ್ಮಲ್ಲಿ ಎಲ್ಲವೂ ಸರದಿಯ ಮೇಲೆ ನಡೆಯುತ್ತದೆ. ಆರು ದಿನ ದುಡಿದ ಡ್ರೈವರನಿಗೆ ಏಳನೆಯ ದಿನ ರಜೆ. ಇಷ್ಟು ಸಾವಿರ ಕಿಲೋಮೀಟರಿಗೆ ಆಯಿಲ್ ಬದಲು, ಇಷ್ಟಕ್ಕೆ ಟೈರ್ ಬದಲು. ಏಳಕ್ಕೊಂದು ಅಂದರೆ ಏಳನೆಯದು ಎಂದೇ ಅರ್ಥ. ಇಪ್ಪತ್ತು ವರ್ಷ ಇದೇ ಕೆಲಸ ಮಾಡಿದವರ ರಕ್ತದಲ್ಲಿ ಬೇರೆ ಅರ್ಥ ಇಳಿಯುವುದಿಲ್ಲ. ತಂಡದ ಕ್ಯಾಪ್ಟನ್ ನಮ್ಮ ಹೆಡ್ ಮೆಕ್ಯಾನಿಕ್. ಅವನು ಟೀ ಲೋಟ ಕೆಳಗಿಟ್ಟು, ಗ್ರೀಸು ಮೆತ್ತಿದ ಕೈಯನ್ನು ಪ್ಯಾಂಟಿಗೆ ಒರೆಸಿಕೊಂಡು, ರಿಜಿಸ್ಟರ್ ತರಿಸಿದ. ಕೊನೆಯ ಗೆಲುವು ಇಪ್ಪತ್ತೊಂದನೆಯ ಪಂದ್ಯದಲ್ಲಿ. ಅಲ್ಲಿಂದ ಈಚೆಗಿನ ಸೋಲುಗಳನ್ನು ಒಂದೊಂದಾಗಿ ಬೆರಳಿಟ್ಟು ಎಣಿಸಿದ. ಹತ್ತೊಂಬತ್ತು.

ಶೆಡ್ಡಿನಲ್ಲಿದ್ದವರೆಲ್ಲ ರಿಜಿಸ್ಟರಿನ ಮೇಲೆ ಬಗ್ಗಿದರು.

“ಹಾಗಾದ್ರೆ ಹತ್ತೊಂಬತ್ತು ಮುಗೀತು. ಮುಂದಿಂದು ನಮ್ದು” ಅಂದ ಕ್ಯಾಪ್ಟನ್. “ಲೆಕ್ಕ ಹಾಗೇ ಹೇಳತ್ತಾ ಅಣ್ಣ?”

ಹದಿನಾಲ್ಕು ಟೀ ಲೋಟಗಳು ಗಾಳಿಯಲ್ಲಿ ನಿಂತಿದ್ದವು. ಏನೋ ಎಲ್ಲೋ ಜಾರುತ್ತಿದೆ ಅಂತ ಅಂದಾಜಣ್ಣನಿಗೆ ಅನ್ನಿಸಿತ್ತಂತೆ. ಏನು ಅಂತ ಹೊಳೆಯಲಿಲ್ಲ. ಇನ್ನೊಮ್ಮೆ ನೋಡಿ ಹೇಳುತ್ತೇನೆ ಎಂದಿದ್ದರೆ ಅವನ ಗಂಟೇನೂ ಹೋಗುತ್ತಿರಲಿಲ್ಲ. ಆದರೆ ಹುಟ್ಟುಗುಣ ಸುಟ್ಟರೂ ಹೋಗುವುದಿಲ್ಲ.

“ಲೆಕ್ಕ ಅಂದ್ರೆ ಲೆಕ್ಕ” ಅಂದುಬಿಟ್ಟ.

ನಾನೂ ಅಲ್ಲೇ ಇದ್ದೆ. ಈಗ ಬುದ್ಧಿವಂತನ ಹಾಗೆ ಬರೆಯುತ್ತಿದ್ದೇನೆ, ಆವತ್ತು ಮೊದಲು ಚಪ್ಪಾಳೆ ತಟ್ಟಿದವನು ನಾನೇ.

ಅಂದಿನಿಂದ ತಂಡ ಅಭ್ಯಾಸ ನಿಲ್ಲಿಸಿತು. ಹೇಗೂ ಗೆಲ್ಲುವ ಪಂದ್ಯಕ್ಕೆ ಬೆವರು ಯಾಕೆ ಎಂಬುದು ಕ್ಯಾಪ್ಟನ್‌ನ ವಾದ. ಸಂಜೆ ಐದಕ್ಕೆ ಅಂಗಳದಲ್ಲಿ ನೆಟ್ ಕಟ್ಟುತ್ತಿದ್ದವರು ಈಗ ಗೆದ್ದಮೇಲೆ ಯಾರು ಯಾರ ಹೆಗಲ ಮೇಲೆ ಕೂರಬೇಕು ಎಂದು ಚರ್ಚಿಸತೊಡಗಿದರು. ಕ್ಯಾಪ್ಟನ್ ನೂರಾ ಎರಡು ಕೆ.ಜಿ. ಇದ್ದುದರಿಂದ ಆ ಚರ್ಚೆ ಮೂರು ದಿನ ನಡೆಯಿತು.

ಸುದ್ದಿ ಅಂದಾಜಣ್ಣನ ಬೀದಿಗೂ ಹೋಯಿತು. ಎದುರು ಮನೆಯ ಫೋಟೋಗ್ರಾಫರಿಗೆ ಒಂದು ಹಳೆಯ ಸ್ಕೂಟರ್ ಇದೆ. ಅದು ಸ್ಟಾರ್ಟ್ ಆಗಲು ಸುಮಾರು ಐದು ಒದೆತ ಬೇಕು. ಅಂದಾಜಣ್ಣ ಬೇಲಿಯಾಚೆಯಿಂದಲೇ ಐದಕ್ಕೊಂದು ಎಂದು ಲೆಕ್ಕ ಕೊಟ್ಟ. ಮರುದಿನ ಬೆಳಗ್ಗೆ ಫೋಟೋಗ್ರಾಫರು ಮೊದಲ ನಾಲ್ಕು ಒದೆತಗಳನ್ನು ಶಾಸ್ತ್ರಕ್ಕೆ ಎಂಬಂತೆ ತುದಿಗಾಲಲ್ಲಿ ಮುಗಿಸಿ, ಐದನೆಯದಕ್ಕೆ ತೋಳು ಮಡಚಬೇಕೆಂದುಕೊಂಡು ಶುರುಮಾಡಿದರು. ಸ್ಕೂಟರ್ ಮೂರನೆಯದಕ್ಕೇ ಸ್ಟಾರ್ಟ್ ಆಗಿಬಿಟ್ಟಿತು. ಸಂತೋಷಪಡುವುದು ಬಿಟ್ಟು ಅವರು ಅದನ್ನು ಆಫ್ ಮಾಡಿ, ಲೆಕ್ಕ ತಪ್ಪಬಾರದೆಂದು ಇನ್ನೆರಡು ಒದ್ದರು. ಆಮೇಲೆ ಅದು ಮಧ್ಯಾಹ್ನದವರೆಗೂ ಉಸಿರೆತ್ತಲಿಲ್ಲ. ಆದರೂ ಅವರು ಅಂದಾಜಣ್ಣನನ್ನು ಬೈಯಲಿಲ್ಲ. ಸ್ಕೂಟರಿಗೆ ಗಣಿತ ಬರುವುದಿಲ್ಲ ಎಂದು ಅದನ್ನೇ ಬೈದರು.

ಇಷ್ಟಾದರೂ ಅಪಾಯವಿರಲಿಲ್ಲ. ಅಪಾಯ ಬಂದದ್ದು ಡಿಪೋ ಮ್ಯಾನೇಜರರ ಕೋಣೆಯಿಂದ.

ನಮ್ಮ ಮ್ಯಾನೇಜರರಿಗೆ ಇರುವುದು ಎರಡೇ ಹವ್ಯಾಸ. ಒಂದು, ಮೇಲಿನ ಕಚೇರಿಯ ದೊಡ್ಡ ಸಾಹೇಬರ ಕಣ್ಣಿಗೆ ಬೀಳುವುದು. ಇನ್ನೊಂದು, ತಮ್ಮ ಕಣ್ಣಿಗೆ ಬೀಳಬಾರದವರ ವರ್ಗಾವಣೆಗೆ ಶಿಫಾರಸು ಬರೆಯುವುದು. ಡಿಪೋ ಗೆಲ್ಲುವುದು ಖಚಿತ ಎಂದು ಕೇಳಿದ್ದೇ, ಎರಡು ವಾರದ ನಂತರದ ಶನಿವಾರ ಅಗ್ನಿಶಾಮಕ ಠಾಣೆಯ ತಂಡದೊಡನೆ ಪಂದ್ಯ ಗೊತ್ತುಮಾಡಿ, ದೊಡ್ಡ ಸಾಹೇಬರನ್ನು ಮುಖ್ಯ ಅತಿಥಿಯಾಗಿ ಕರೆದುಬಿಟ್ಟರು. ಆಹ್ವಾನ ಪತ್ರಿಕೆಯಲ್ಲಿ ‘ವಿಜಯೋತ್ಸವ ಹಾಗೂ ಪಂದ್ಯ’ ಎಂದು ಅಚ್ಚು ಹಾಕಿಸಿದರು. ವಿಜಯೋತ್ಸವ ಮೊದಲು, ಪಂದ್ಯ ಆಮೇಲೆ.

ಆಮೇಲೆ ಅಂದಾಜಣ್ಣನನ್ನು ಕರೆಸಿದರು. ನಾನು ಟೈರ್ ಫೈಲಿಗೆ ಸಹಿ ಮಾಡಿಸಿಕೊಳ್ಳಲು ಅಲ್ಲೇ ನಿಂತಿದ್ದೆ. ಮ್ಯಾನೇಜರರು ಅವನನ್ನು ಕೂರಿಸಿದರು. ಅವರು ಕೂರಿಸಿದರೆಂದರೆ ಏಳುವಾಗ ಏನೋ ಕಾದಿದೆ ಎಂದೇ ಅರ್ಥ. ಲೆಕ್ಕ ಗಟ್ಟಿ ತಾನೇ ಎಂದು ಕೇಳಿದರು. ಅಂದಾಜಣ್ಣ ಕನ್ನಡಕ ತೆಗೆದು ಒರೆಸತೊಡಗಿದ. ಗಟ್ಟಿಯಾಗಿಲ್ಲದಿದ್ದರೂ ಚಿಂತೆಯಿಲ್ಲ, ಕಟ್ಟಕಡೆಯ ಡಿಪೋದಲ್ಲಿ ದಾಖಲೆ ಗುಮಾಸ್ತನ ಜಾಗ ಖಾಲಿ ಇದೆ, ಸೋತರೆ ಸೋಮವಾರವೇ ಶಿಫಾರಸು ಹೋಗುತ್ತದೆ ಎಂದು ಮ್ಯಾನೇಜರರು ನಯವಾಗಿಯೇ ಹೇಳಿದರು.

ಕಟ್ಟಕಡೆಯ ಡಿಪೋ ಅಂದರೆ ರಸ್ತೆ ಮುಗಿಯುವ ಜಾಗ. ಇಲ್ಲಿಂದ ಒಂಬತ್ತು ಗಂಟೆ ಪ್ರಯಾಣ. ದಿನಕ್ಕೆ ಒಂದೇ ಬಸ್ಸು, ಅದೂ ನಮ್ಮದು, ಅಂದರೆ ಬಂದರೆ ಬಂತು. ಅಲ್ಲಿ ಶಾಲೆ ಇರುವುದು ಏಳನೆಯ ತರಗತಿಯವರೆಗೆ.

ಆ ಸಂಜೆ ಅಂದಾಜಣ್ಣ ಮನೆಯಲ್ಲಿ ಎಲ್ಲ ಬಾಯಿಬಿಟ್ಟ. ಅವನ ಹೆಂಡತಿ ಮನೆಯ ಮುಂದಿನ ಕೋಣೆಯಲ್ಲಿ ಹನ್ನೊಂದು ಹೆಣ್ಣುಮಕ್ಕಳಿಗೆ ಹೊಲಿಗೆ ಕಲಿಸುತ್ತಾಳೆ. ಆಗಷ್ಟೇ ಅವರೆಲ್ಲ ಹೋಗಿದ್ದರು, ನೆಲದ ತುಂಬಾ ಬಟ್ಟೆಯ ತುಣುಕು. ಅವಳು ಕತ್ತರಿ ಕೆಳಗಿಡದೆಯೇ ಪೂರ್ತಿ ಕೇಳಿದಳು. ಹನ್ನೊಂದು ಜನರ ರವಿಕೆಯ ತೋಳು ಅರ್ಧಕ್ಕೆ ನಿಂತಿದೆ, ತಾನಂತೂ ಎಲ್ಲಿಗೂ ಬರುವುದಿಲ್ಲ, ಬೇಕಾದರೆ ಅವನೂ ಅವನ ಲೆಕ್ಕವೂ ಹೋಗಿ ಸಂಸಾರ ಮಾಡಿಕೊಂಡಿರಲಿ ಎಂದಳು. ಮಗಳು ಮಾತ್ರ ತಾಯಿಯ ಗುಂಡಿ ಡಬ್ಬದಿಂದ ಒಂದು ಕೋಟಿನ ಗುಂಡಿ ತೆಗೆದಳು. ಒಂದು ಬದಿ ಹೊಳಪು, ಇನ್ನೊಂದು ಬದಿ ಮಸುಕು. ಅದನ್ನು ಚಿಮ್ಮಿ ನೆಲಕ್ಕೆ ಬಿಟ್ಟಳು. ಮಸುಕು. ಮತ್ತೆ ಮಸುಕು. ನಾಲ್ಕು ಸಲ ಮಸುಕೇ ಬಿತ್ತು. ಐದನೆಯದು ಏನು ಬರಬಹುದು ಎಂದು ಅಪ್ಪನನ್ನು ಕೇಳಿದಳು. ಇಷ್ಟು ಸಲ ಮಸುಕು ಬಂದಿದೆ, ಇನ್ನು ಹೊಳಪೇ ಬರಬೇಕು, ಅದರ ಸರದಿ ಎಂದ ಅವನು. ಗುಂಡಿ ಬಿತ್ತು. ಮಸುಕು.

“ಅಪ್ಪ, ಇಪ್ಪತ್ತಕ್ಕೊಂದು ಅಂದ್ರೆ ಇಪ್ಪತ್ತನೇದು ಅಂತಲ್ಲ” ಅಂದಳು. “ಪ್ರತಿ ಸಲಾನೂ ಇಪ್ಪತ್ತರಲ್ಲಿ ಒಂದೇ. ಹತ್ತೊಂಬತ್ತು ಸಲ ಸೋತಿದ್ದು ಗುಂಡಿಗೂ ಗೊತ್ತಿಲ್ಲ, ಚೆಂಡಿಗೂ ಗೊತ್ತಿಲ್ಲ. ನಿಮ್ ರಿಜಿಸ್ಟರಿಗೆ ಮಾತ್ರ ಗೊತ್ತು.”

ಅಂದಾಜಣ್ಣ ಗುಂಡಿಯನ್ನು ಎತ್ತಿಕೊಂಡು ಎರಡೂ ಬದಿ ನೋಡಿದ. ಮೊದಲ ಗೆಲುವು ಆರನೆಯ ಪಂದ್ಯದಲ್ಲಿ, ಎರಡನೆಯದು ಇಪ್ಪತ್ತೊಂದರಲ್ಲಿ, ಸರದಿ ಅಂತ ಇದ್ದಿದ್ದರೆ ಆಗಲೇ ತಪ್ಪಿತ್ತಲ್ಲ ಎಂದು ಅವಳೇ ತೋರಿಸಿಕೊಟ್ಟಳು. ಆಮೇಲೆ ತನ್ನ ಹೋಂವರ್ಕಿನಿಂದಲೇ ಇದೆಲ್ಲ ಆಯಿತಾ ಎಂದು ಸಣ್ಣ ದನಿಯಲ್ಲಿ ಕೇಳಿದಳು. ಮುಂದಿನ ವರ್ಷ ಅವಳದು ಹತ್ತನೆಯ ತರಗತಿ. ಊರು ಬಿಟ್ಟರೆ ಅವಳೊಬ್ಬಳು ಎಲ್ಲೋ ಹಾಸ್ಟೆಲಿನಲ್ಲಿ, ತಾಯಿ ಇಲ್ಲಿ, ಅಪ್ಪ ರಸ್ತೆಯ ತುದಿಯಲ್ಲಿ. ಆ ಪ್ರಶ್ನೆಯಿಂದ ಅವನಿಗೆ ನಿಜವಾಗಿ ಸಂಕಟವಾಯಿತು. ಮೂರು ದಿನ ಅವನು ಕಚೇರಿಯಲ್ಲಿ ಒಂದೂ ಅಂದಾಜು ಹೇಳಲಿಲ್ಲ. ನಮಗೆ ಭಯವಾಯಿತು.

ನಾಲ್ಕನೆಯ ದಿನ ಅವನು ಕ್ಯಾಪ್ಟನ್‌ನ ಹತ್ತಿರ ಹೋಗಿ, ದಯವಿಟ್ಟು ಅಭ್ಯಾಸ ಮಾಡಿ ಎಂದು ಕೈ ಮುಗಿದ. ಕ್ಯಾಪ್ಟನ್ ಒಂದು ಬಸ್ಸಿನ ಅಡಿಯಿಂದ ತಲೆ ಮಾತ್ರ ಹೊರಗೆ ಹಾಕಿ, ತಾನೇ ಸ್ಟಾರ್ಟ್ ಆಗುವ ಗಾಡಿಯನ್ನು ಯಾರಾದರೂ ತಳ್ಳುತ್ತಾರೆಯೇ ಎಂದು ಕೇಳಿದ. ಅಂದಾಜಣ್ಣ ಗುಂಡಿಯ ವಿಚಾರವನ್ನೆಲ್ಲ ಹೇಳಿದ. ಕ್ಯಾಪ್ಟನ್ ಸಮಾಧಾನವಾಗಿ ಕೇಳಿ, ಗುಂಡಿ ವಾಲಿಬಾಲ್ ಆಡುವುದಿಲ್ಲ ಎಂದು ತೀರ್ಪು ಕೊಟ್ಟು ತಲೆ ಒಳಗೆಳೆದುಕೊಂಡ. ಇದಕ್ಕೆ ಗಣಿತದಲ್ಲಿ ಉತ್ತರವಿಲ್ಲ.

ಆಗ ಅಂದಾಜಣ್ಣನ ತಲೆಗೆ ಇನ್ನೊಂದು ಉಪಾಯ ಹೊಳೆಯಿತು. ಮಗಳ ಪಾಠದಿಂದ ಅವನು ಕಲಿತದ್ದು ಇಷ್ಟೇ: ಏನೇ ಆಗಬೇಕಾದರೂ ಹಿಂದೆ ಎಷ್ಟು ಸಲ ಆಗಿದೆ ನೋಡಬೇಕು. ತಂಡದ ಮೊದಲ ಗೆಲುವು ಎದುರಾಳಿ ಬಾರದೆ ಸಿಕ್ಕಿದ್ದು. ಎದುರಾಳಿ ಅಗ್ನಿಶಾಮಕದವರು. ಎಲ್ಲಾದರೂ ಬೆಂಕಿ ಬಿದ್ದರೆ ಅವರು ಬರುವುದಿಲ್ಲ. ಅವನದು ಕೆಟ್ಟ ಮನಸ್ಸಲ್ಲ. ಯಾವುದಾದರೂ ಖಾಲಿ ಜಾಗದಲ್ಲಿ, ಯಾರಿಗೂ ತೊಂದರೆಯಾಗದ ಹಾಗೆ, ಒಂದಿಷ್ಟು ಒಣಹುಲ್ಲು ತಾನಾಗಿಯೇ ಹೊತ್ತಿಕೊಂಡರೆ ಸಾಕೆಂಬುದಷ್ಟೇ ಅವನ ಆಸೆ. ಅದರ ಸಂಭವನೀಯತೆ ಎಷ್ಟೆಂದು ತಿಳಿಯಲು ನೇರವಾಗಿ ಅಗ್ನಿಶಾಮಕ ಠಾಣೆಗೆ ಹೋದ.

ಅಲ್ಲಿನ ಠಾಣಾಧಿಕಾರಿ ಒಳ್ಳೆಯವರು, ಬಂದವರನ್ನು ಮಾತಾಡಿಸುವವರು. ಅಂದಾಜಣ್ಣ ಕೇಳಿದ ಮೊದಲ ಪ್ರಶ್ನೆ, ಕಳೆದ ವರ್ಷ ಎಷ್ಟು ಶನಿವಾರ ಮಧ್ಯಾಹ್ನ ಬೆಂಕಿ ಬಿದ್ದಿತ್ತು ಎಂಬುದು. ಎರಡನೆಯದು, ಆಗ ಠಾಣೆಯಲ್ಲಿ ಯಾರೂ ಇರುವುದಿಲ್ಲವೇ ಎಂಬುದು. ಮೂರನೆಯದು, ಸಣ್ಣ ಬೆಂಕಿಗೂ ಎಲ್ಲರೂ ಹೋಗುತ್ತಾರೋ ಅಥವಾ ಸ್ವಲ್ಪ ದೊಡ್ಡದೇ ಬೇಕೋ ಎಂಬುದು. ಠಾಣಾಧಿಕಾರಿ ಕುರ್ಚಿಯಲ್ಲಿ ನೆಟ್ಟಗೆ ಕೂತರು.

“ಯಾವ ಶನಿವಾರ?” ಎಂದು ಕೇಳಿದರು.

“ಈ ಶನಿವಾರ ಆದ್ರೆ ಅನುಕೂಲ” ಅಂದ ಅಂದಾಜಣ್ಣ.

ಅವನ ಹೆಸರು, ವಿಳಾಸ, ಕೆಲಸ ಎಲ್ಲ ಬರೆದುಕೊಂಡರು. ಜೇಬು ಬಿಚ್ಚಿಸಿದರು. ಒಂದು ಗುಂಡಿ ಸಿಕ್ಕಿತು. ಯಾಕೆ ಇಟ್ಟುಕೊಂಡಿದ್ದೀರಿ ಎಂದು ಕೇಳಿದ್ದಕ್ಕೆ, ಇದರಿಂದಲೇ ಎಲ್ಲ ತಿಳಿದದ್ದು ಎಂದನಂತೆ. ಅಂದಿನಿಂದ ಶನಿವಾರದವರೆಗೆ ಒಬ್ಬ ಅಗ್ನಿಶಾಮಕ ಸಿಬ್ಬಂದಿ ಹೆಲ್ಮೆಟ್ ಹಾಕಿಕೊಂಡು ಅವನ ಹಿಂದೆಯೇ ಇದ್ದ. ಅಂದಾಜಣ್ಣ ಅಡುಗೆಮನೆಯ ಸ್ಟೌ ಹಚ್ಚಿದರೆ ಅವನು ಕಿಟಕಿಗೆ ಬರುತ್ತಿದ್ದ. ಬೀದಿಯವರು ಇದನ್ನು ನೋಡಿ, ಇಂಥ ದೊಡ್ಡ ಲೆಕ್ಕಗಾರನಿಗೆ ಸರ್ಕಾರ ಕಾವಲು ಕೊಟ್ಟಿದೆ ಎಂದು ತಿಳಿದು ಇನ್ನಷ್ಟು ಗೌರವ ಕೊಟ್ಟರು. ಮೇಲಿನ ಮನೆಯ ಅಜ್ಜಿ ಇಬ್ಬರಿಗೂ ದಿನಾ ಟೀ ಕಳಿಸತೊಡಗಿದರು.

ಶನಿವಾರ ಬಂತು. ಎಲ್ಲೂ ಬೆಂಕಿ ಬೀಳಲಿಲ್ಲ.

ಡಿಪೋದ ಅಂಗಳದಲ್ಲಿ ಬಸ್ಸುಗಳನ್ನು ಒತ್ತಟ್ಟಿಗೆ ನಿಲ್ಲಿಸಿ ನೆಟ್ ಕಟ್ಟಿದ್ದರು. ಬಾಗಿಲ ಕಡೆ ವೇದಿಕೆ. ಅದರ ಮೇಲೆ ದೊಡ್ಡ ಸಾಹೇಬರು, ಪಕ್ಕದಲ್ಲಿ ಮ್ಯಾನೇಜರರು, ಮೇಜಿನ ಮೇಲೆ ಗೆದ್ದವರಿಗೆ ಕೊಡುವ, ಡಿಪೋದ ಹೆಸರು ಆಗಲೇ ಕೊರೆಸಿದ್ದ ಕಪ್ಪು. ಸಾಹೇಬರು ಕಡಿಮೆ ಮಾತಿನವರು, ನಿವೃತ್ತಿಗೆ ಹತ್ತಿರದವರು. ಮುಂದಿನ ಸಾಲಿನಲ್ಲಿ ಅಂದಾಜಣ್ಣನ ಹೆಂಡತಿ ಮತ್ತು ಮಗಳು ಇದ್ದರು. ಅಂದಾಜಣ್ಣ ವೇದಿಕೆಯ ಮೆಟ್ಟಿಲ ಹತ್ತಿರ ಕೂತಿದ್ದ. ಹೆಲ್ಮೆಟ್ಟಿನವನು ಒಂದು ಬಕೆಟ್ ನೀರಿನೊಡನೆ ಅವನ ಪಕ್ಕದಲ್ಲಿ ಕೂತಿದ್ದ.

ಮೊದಲ ಸೆಟ್ ಇಪ್ಪತ್ತೈದಕ್ಕೆ ಆರು. ಆರು ನಮ್ಮದು. ಎರಡು ವಾರ ಚೆಂಡು ಮುಟ್ಟದವರು ಅದನ್ನು ಹೊಸ ಪರಿಚಯದವರ ಹಾಗೆ ನೋಡುತ್ತಿದ್ದರು. ಅಗ್ನಿಶಾಮಕದವರ ಹೊಡೆತಕ್ಕೆ ಚೆಂಡು ಎರಡು ಸಲ ಬಸ್ಸಿನ ಕಿಟಕಿಯೊಳಗೆ ಹೋಗಿ ಕಂಡಕ್ಟರ್ ಸೀಟಿನಲ್ಲಿ ಕೂತಿತು. ಮ್ಯಾನೇಜರರು ಸಾಹೇಬರ ಕಿವಿಯಲ್ಲಿ, ಇದು ತಂತ್ರ, ಗೆಲುವು ಗಣಿತದ ಪ್ರಕಾರ ಆಗಲೇ ತೀರ್ಮಾನವಾಗಿದೆ ಎಂದರು. ಸಾಹೇಬರಿಗೆ ಕುತೂಹಲ ಹುಟ್ಟಿತು. ಆ ಗಣಿತಜ್ಞ ಯಾರು ಎಂದು ಕೇಳಿದರು. ಅಂದಾಜಣ್ಣನನ್ನು ವೇದಿಕೆಗೆ ಕರೆದರು.

ಅವನು ಮೆಟ್ಟಿಲು ಹತ್ತಿದ. ಕೈ ಅಭ್ಯಾಸಬಲದಿಂದ ಕನ್ನಡಕದ ಕಡೆ ಹೋಯಿತು. ಈಗ ಏನಾದರೊಂದು ಹೇಳಿ ಇನ್ನೊಂದು ಸೆಟ್ಟಿನವರೆಗೆ ಮರ್ಯಾದೆ ಉಳಿಸಿಕೊಳ್ಳುತ್ತಾನೆ ಎಂದು ನಾವೆಲ್ಲ ತಿಳಿದಿದ್ದೆವು. ಆದರೆ ಮುಂದಿನ ಸಾಲಿನಲ್ಲಿ ಮಗಳು ಕೂತಿದ್ದಳು.

“ಲೆಕ್ಕ ನಂದಲ್ಲ ಸರ್, ನನ್ ಮಗಳದು” ಅಂದ. “ಅವಳ ಲೆಕ್ಕ ಸರಿಯಾಗೇ ಇದೆ. ಅದನ್ನ ನಂದು ಅಂತ ಹೇಳ್ಕೊಂಡು, ಅರ್ಥ ಆಗ್ದೇನೇ ಎಲ್ರಿಗೂ ಹಂಚಿದ್ದು ನಾನು. ಇವತ್ತು ಗೆಲ್ಲೋ ಸರದಿ ಗಿರದಿ ಏನೂ ಇಲ್ಲ ಸರ್. ಇಪ್ಪತ್ತರಲ್ಲಿ ಒಂದು ಚಾನ್ಸು, ಯಾವಾಗ್ಲೂ ಇದ್ದಷ್ಟೇ.”

ಅವನ ಬಾಯಿಂದ ಅಂದಾಜಿಲ್ಲದೆ ಬಂದ ಮೊದಲ ಮಾತು ಅದು. ಕ್ಯಾಪ್ಟನ್ ಕೈಯಲ್ಲಿದ್ದ ಚೆಂಡನ್ನು ಹಾಗೇ ಕೆಳಗೆ ಬಿಟ್ಟ. ಮ್ಯಾನೇಜರರ ಮುಖ ಬ್ರೇಕ್ ಲೈಟಿನ ಬಣ್ಣಕ್ಕೆ ತಿರುಗಿತು. ಮುಂದಿನ ಸಾಲಿನಲ್ಲಿ ಅವನ ಹೆಂಡತಿ, ಮದುವೆಯಾದ ಹದಿನಾರು ವರ್ಷದಲ್ಲಿ ಮೊದಲ ಸಲ ನೋಡುತ್ತಿರುವಂತೆ ಗಂಡನನ್ನು ನೋಡಿದಳು.

ಸಾಹೇಬರು ಹುಡುಗಿಯನ್ನೂ ಮೇಲೆ ಕರೆದರು. ಇವತ್ತು ಸೋತರೆ ಲೆಕ್ಕ ಏನಾಗುತ್ತದೆ ಎಂದು ಕೇಳಿದರು. ನಲವತ್ತೊಂದರಲ್ಲಿ ಎರಡು ಎಂದು ಅವಳು ಥಟ್ಟನೆ ಹೇಳಿದಳು. ಸಾಹೇಬರು ತಲೆಯಾಡಿಸಿ, ಅಪ್ಪ ಮಗಳಿಬ್ಬರಿಗೂ ತಮ್ಮ ಪಕ್ಕದಲ್ಲೇ ಕುರ್ಚಿ ಹಾಕಿಸಿದರು. ಹೆಲ್ಮೆಟ್ಟಿನವನೂ ಬಕೆಟ್ ಎತ್ತಿಕೊಂಡು ವೇದಿಕೆ ಹತ್ತಿದ.

ಎರಡನೆಯ ಸೆಟ್ಟಿನಲ್ಲಿ ನಮ್ಮವರು ಹೇಗೋ ಎಂಟಕ್ಕೆ ಐದರಿಂದ ಮುಂದಿದ್ದರು. ಅಷ್ಟಕ್ಕೇ ಕ್ಯಾಪ್ಟನ್‌ಗೆ ಸರದಿಯ ಮೇಲೆ ನಂಬಿಕೆ ಮರಳಿ, ವಿಜಯದ ಚಿತ್ರ ತೆಗೆಯಲು ಸ್ಕೂಟರಿನ ಫೋಟೋಗ್ರಾಫರನ್ನು ಅಂಕಣದೊಳಕ್ಕೆ ಕರೆದ. ಅವರು ಎಲ್ಲರನ್ನೂ ಸಾಲಾಗಿ ನಿಲ್ಲಿಸಿ, ಸ್ವಲ್ಪ ಎಡಕ್ಕೆ, ಸ್ವಲ್ಪ ನಗಿ ಎಂದು ಹೇಳುವಷ್ಟರಲ್ಲಿ ಎದುರಾಳಿಗಳು ನಾಲ್ಕು ಅಂಕ ಹೊಡೆದಿದ್ದರು. ಕೊನೆಗೆ ಇಪ್ಪತ್ತೈದಕ್ಕೆ ಒಂಬತ್ತು. ಮೂರರಲ್ಲಿ ಎರಡು ಸೆಟ್ ಹೋದ ಮೇಲೆ ಮೂರನೆಯದನ್ನು ಯಾರೂ ಕೇಳಲಿಲ್ಲ. ಸಾಹೇಬರು ನಮ್ಮ ಹೆಸರು ಕೊರೆದಿದ್ದ ಕಪ್ಪನ್ನು ಅಗ್ನಿಶಾಮಕದವರ ಕೈಗಿತ್ತು, ಹೆಸರಿನ ಮೇಲೆ ಹೆಬ್ಬೆರಳು ಇಟ್ಟುಕೊಳ್ಳಲು ಹೇಳಿದರು.

ಜನ ಚದುರುವ ಮುಂಚೆಯೇ ಮ್ಯಾನೇಜರರು ಸಾಹೇಬರ ಜೀಪಿನ ಬಳಿ ಕೈಕಟ್ಟಿ ನಿಂತರು. ಈ ಗುಮಾಸ್ತ ಇಡೀ ಡಿಪೋದ ದಾರಿ ತಪ್ಪಿಸಿದ್ದಾನೆ, ತಮ್ಮ ಮುಂದೆ ಮಾನ ಕಳೆದಿದ್ದಾನೆ, ಕಟ್ಟಕಡೆಯ ಡಿಪೋಗೆ ಇವನ ವರ್ಗಾವಣೆಯ ಶಿಫಾರಸು ಸೋಮವಾರ ಬರುತ್ತದೆ, ದಯಮಾಡಿ ಸಹಿ ಹಾಕಬೇಕು ಎಂದರು. ಅಂದಾಜಣ್ಣ ಹೆಂಡತಿ ಮಗಳ ನಡುವೆ ನಿಂತು ಎಲ್ಲವನ್ನೂ ಕೇಳಿಸಿಕೊಂಡ. ಮಗಳು ಅವನ ಅಂಗಿಯ ತೋಳನ್ನು ಹಿಡಿದುಕೊಂಡಿದ್ದಳು.

ಸಾಹೇಬರು ಜೀಪಿನ ಮೆಟ್ಟಿಲ ಮೇಲೆ ಒಂದು ಕಾಲಿಟ್ಟವರು ಹಾಗೇ ತಿರುಗಿದರು.

“ಪತ್ರ ರವಾನೆ ರಿಜಿಸ್ಟರ್ ಬರೆಯೋರು ನೀವೇ ಅಲ್ವಾ?” ಎಂದು ಅಂದಾಜಣ್ಣನನ್ನು ಕೇಳಿದರು. “ನಿಮ್ ಮ್ಯಾನೇಜರು ಇದುವರೆಗೆ ನಂಗೆ ಎಷ್ಟು ವರ್ಗಾವಣೆ ಶಿಫಾರಸು ಕಳಿಸಿದಾರೆ?”

“ನಲವತ್ತಾರು ಸರ್” ಅಂದ ಅಂದಾಜಣ್ಣ.

“ಅದರಲ್ಲಿ ನಾನು ಸಹಿ ಹಾಕಿದ್ದು?”

“ಒಂದೂ ಇಲ್ಲ ಸರ್.”

ಸಾಹೇಬರು ಹುಡುಗಿಯ ಕಡೆ ನೋಡಿದರು. ನಲವತ್ತೇಳನೆಯದಕ್ಕೆ ಸಹಿ ಬೀಳುವ ಸಂಭವನೀಯತೆ ಎಷ್ಟೆಂದು ಹೇಳಬೇಕೆಂದರು. ಹುಡುಗಿ ಅಪ್ಪನ ತೋಳು ಬಿಡದೆಯೇ, ನಲವತ್ತಾರರಲ್ಲಿ ಸೊನ್ನೆ, ಅಂದರೆ ಇಲ್ಲಿಯವರೆಗಿನ ಫಲಿತಾಂಶದ ಪ್ರಕಾರ ಸೊನ್ನೆ ಎಂದಳು. ಸರಿಯಾದ ಉತ್ತರ ಎಂದು ಹೇಳಿ ಸಾಹೇಬರು ಜೀಪು ಹತ್ತಿದರು. ಜೀಪು ಗೇಟು ದಾಟಿತು.

ಅಂದಾಜಣ್ಣ ಅಲ್ಲೇ ಅಂಗಳದಲ್ಲಿ ಅತ್ತುಬಿಟ್ಟ. ಹೆಂಡತಿ, ಜನ ನೋಡುತ್ತಾರೆ ಸುಮ್ಮನಿರಿ ಎಂದು ಗದರಿಸುತ್ತಾ ತಾನೂ ಸೆರಗಿನಿಂದ ಕಣ್ಣೊರೆಸಿಕೊಂಡಳು. ಹೆಲ್ಮೆಟ್ಟಿನವನು ಏನು ಮಾಡಬೇಕೆಂದು ತೋಚದೆ ಬಕೆಟ್ಟಿನ ನೀರನ್ನು ಮುಖ ತೊಳೆದುಕೊಳ್ಳಲು ಕೊಟ್ಟ.

ಇಲ್ಲಿಗೆ ಎಲ್ಲ ಮುಗಿಯಿತೆಂದು ನಾವು ತಿಳಿದೆವು. ಸೋಮವಾರ ಬೆಳಗ್ಗೆ ಹೋಗುವಾಗ ಮ್ಯಾನೇಜರರು ಮುಖ ಸಣ್ಣ ಮಾಡಿಕೊಂಡು ಕೂತಿರುತ್ತಾರೆ ಎಂದುಕೊಂಡಿದ್ದೆ. ಅವರು ಮದುವಣಿಗನ ಕಳೆಯಲ್ಲಿದ್ದರು. ಭಾನುವಾರವೆಲ್ಲ ಯೋಚಿಸಿದ್ದರಂತೆ. ಎದುರಿಗಿದ್ದ ಹಾಳೆಯ ಮೇಲೆ ನಲವತ್ತಾರು ಗೀಟುಗಳಿದ್ದವು. ನಲವತ್ತಾರು ಸಲ ಬರದೇ ಇದ್ದ ಸಹಿ ಇನ್ನೆಷ್ಟು ದಿನ ಬರದೇ ಇರಲು ಸಾಧ್ಯ, ನಲವತ್ತೇಳನೆಯದಕ್ಕೆ ಬಂದೇ ಬರಬೇಕಲ್ಲ ಎಂದು ನನ್ನನ್ನೇ ಕೇಳಿದರು. ನಾನು ಟೈರಿನವನು, ಹೌದು ಸರ್ ಎಂದೆ.

ನಲವತ್ತೇಳನೆಯ ಶಿಫಾರಸು ಹೊರಟಿತು. ಕಳಿಸಬೇಕಾದವನು ಅಂದಾಜಣ್ಣನೇ. ತನ್ನದೇ ವರ್ಗಾವಣೆಯ ಕಾಗದಕ್ಕೆ ಚೆಂದವಾಗಿ ಸಂಖ್ಯೆ ಹಾಕಿ, ಕವರಿಗೆ ಗೋಂದು ಹಚ್ಚಿ, ರವಾನಿಸಿದ. ಮಗಳ ಉತ್ತರದ ಮೇಲೆ ಅವನಿಗೆ ಪೂರ್ತಿ ವಿಶ್ವಾಸವಿತ್ತು. ಆದರೂ ಆ ವಾರವಿಡೀ ಅಂಚೆ ಬರುವ ಹೊತ್ತಿಗೆ ಅವನು ಗೇಟಿನವರೆಗೂ ಹೋಗಿ ನಿಲ್ಲುತ್ತಿದ್ದದ್ದನ್ನು ನಾನು ಕಂಡಿದ್ದೇನೆ. ಸಹಿ ಬರಲಿಲ್ಲ. ಮ್ಯಾನೇಜರರಿಗೆ ಇನ್ನೂ ಖುಷಿಯಾಯಿತು. ನಲವತ್ತೆಂಟು ಹೋಯಿತು, ನಲವತ್ತೊಂಬತ್ತು ಹೋಯಿತು. ಒಂದೊಂದು ವಾಪಸು ಬಂದಾಗಲೂ ಅವರ ನಂಬಿಕೆ ಹೆಚ್ಚುತ್ತಲೇ ಹೋಯಿತು.

ಮೊನ್ನೆ ಅಂದಾಜಣ್ಣ, ಮಗಳ ಹತ್ತನೆಯ ತರಗತಿಯ ಪರೀಕ್ಷೆಗೆಂದು ನಾಲ್ಕು ದಿನ ರಜೆ ಕೇಳಲು ಅವರ ಕೋಣೆಗೆ ಹೋದ. ಮ್ಯಾನೇಜರರು ಗಾಬರಿಯಿಂದ ಎದ್ದು ನಿಂತರು. ಹಾಳೆಯ ಮೇಲೆ ಐವತ್ತೊಂಬತ್ತು ಗೀಟು ಇದ್ದವು.

“ಈಗ ಎಲ್ಲಿಗೂ ಹೋಗ್ಬೇಡಿ” ಅಂದರು. “ನಿಮ್ ವರ್ಗಾವಣೆ ತುಂಬಾ ಹತ್ರ ಬಂದಿದೆ. ನೀವು ಹೋದ್ರೆ ಈ ಲೆಕ್ಕ ಇಡೋರ್ಯಾರು?”